ಊರಲ್ಲೇ ಇದ್ದು ದೇಶ ಬಿಟ್ಟ ಉಸ್ಮಾನ್ ಸಾಬರು

ಉಸ್ಮಾನ್ ಸಾಬರು ಠಾಣೆಗೆ ಬರುವಾಗ ಮಾತ್ರ ಕೋಟು ಹಾಕುತ್ತಿದ್ದರು. ಕೆಳಗೆ ಚೌಕಳಿ ಲುಂಗಿ, ಮೇಲೆ ಕರಾಚಿಯಲ್ಲಿ ತಾವೇ ಹೊಲಿದ ಕಪ್ಪು ಉಣ್ಣೆಯ ಕೋಟು. ಸೋಮವಾರ ಹತ್ತು ಗಂಟೆಗೆ ಸರಿಯಾಗಿ ಬಂದು ರುಜು ಹಾಕಿ, ಮೆಟ್ಟಿಲಿಳಿದೊಡನೆ ಕೋಟು ಬಿಚ್ಚಿ ಹೆಗಲಿಗೇರಿಸಿ, ಎದುರಿನ ಹೋಟೆಲಿನಲ್ಲಿ ಚಹಾ ಕುಡಿಯುವರು. ಇಂಥ ಸೆಕೆಯಲ್ಲಿ ಇದೆಲ್ಲ ಯಾಕೆಂದು ಕೇಳಿದರೆ, "ರಿಜಿಸ್ಟರಲ್ಲಿ ನಾನು ವಿದೇಶಿ ಅಲ್ವಾ ಸ್ವಾಮಿ? ನೋಡಿದವ್ರಿಗೂ ಹಂಗೇ ಕಾಣ್ಬೇಕು" ಎನ್ನುತ್ತಿದ್ದರು.

ಅರವತ್ತರ ದಶಕದ ನಡುವಿನ ಮಾತು. ಹೊಸನಗರದ ಸೀಮೆಯ ಸಣ್ಣ ಠಾಣೆಯೊಂದರಲ್ಲಿ ನಾನು ರೈಟರ್, ಅಂದರೆ ಬರವಣಿಗೆ ಕೆಲಸದ ಪೇದೆ. ಸಾಬರು ಹುಟ್ಟಿದ ಮನೆ ಠಾಣೆಯ ಹಿಂದಿನ ಓಣಿಯಲ್ಲೇ ಇತ್ತು. ಹದಿನೆಂಟನೆಯ ವಯಸ್ಸಿಗೆ ದರ್ಜಿ ಕೆಲಸಕ್ಕೆಂದು ಕರಾಚಿಗೆ ಹೋಗಿ ಅಲ್ಲೇ ಮದುವೆಯಾದರು. ಅವರು ಅಲ್ಲಿರುವಾಗಲೇ ದೇಶ ಎರಡಾಯಿತು. ತಾಯಿಗೆ ಕಾಯಿಲೆಯೆಂದು ಊರಿಗೆ ಬರಹೊರಟಾಗ ಅವರಿಗೆ ಸಿಕ್ಕಿದ್ದು ಪಾಕಿಸ್ತಾನದ ಪಾಸ್‌ಪೋರ್ಟು. ಹೀಗಾಗಿ ಹುಟ್ಟಿದೂರಿನಲ್ಲೇ ವಿದೇಶಿಯರ ರಿಜಿಸ್ಟರಿಗೆ ಸೇರಿದರು. ಅದರಲ್ಲಿದ್ದದ್ದು ಅವರದೊಂದೇ ಹೆಸರು. ವಾರಕ್ಕೊಮ್ಮೆ ರುಜು, ಊರಿನ ಸರಹದ್ದು ದಾಟಲು ಅನುಮತಿ, ದೇಶ ಬಿಡಲೂ ಅನುಮತಿ.

ಒಮ್ಮೆ ತೀರ್ಥಹಳ್ಳಿಯ ತಂಗಿಯ ಮನೆಗೆ ಹೋಗಲು ಅರ್ಜಿ ಕೊಟ್ಟರು. ಅದು ಜಿಲ್ಲಾ ಕಚೇರಿಗೆ ಹೋಗಿ ಬರುವುದರೊಳಗೆ ತಂಗಿಯೇ ಬಸ್ಸು ಹತ್ತಿ ಬಂದು, ಅಣ್ಣನನ್ನು ನೋಡಿ, ಹಿಂತಿರುಗಿಯೂ ಆಗಿತ್ತು. "ಕರಾಚಿಯಿಂದ ಇಲ್ಲಿಗೆ ಆರು ದಿನ ಸ್ವಾಮಿ, ಇಲ್ಲಿಂದ ತೀರ್ಥಹಳ್ಳಿಗೆ ಹನ್ನೊಂದು" ಎಂದರು, ಕೋಪವಿಲ್ಲದೆ. ಠಾಣೆಯಲ್ಲಿ ಕಾಯುವ ಹೊತ್ತಿಗೆ ಪೇದೆಗಳ ಚಡ್ಡಿಗೆ ಗುಂಡಿ ಹಾಕಿಕೊಡುವುದೂ ಇತ್ತು. ದಫೇದಾರರ ಚಡ್ಡಿಯನ್ನು ಮೂರನೆಯ ಸಲ ಸಡಿಲಿಸುವಾಗ, "ಹೊಟ್ಟೆ ಸರಹದ್ದು ದಾಟಿದೆ, ಅನುಮತಿ ತಗೊಂಡಿದಾರಾ?" ಎಂದು ನನ್ನ ಕಿವಿಯಲ್ಲಿ ಕೇಳಿದರು.

ಆ ವರ್ಷ ಕರಾಚಿಯಿಂದ ಕಾಗದ ಬಂತು. ಒಬ್ಬಳೇ ಮಗಳ ನಿಕಾ ನಿಶ್ಚಯವಾಗಿದೆ, ತಂದೆ ಬರಬೇಕು ಎಂದು. ತಾಯಿಯೂ ಹಾಸಿಗೆಯಲ್ಲಿದ್ದುಕೊಂಡೇ ಹೋಗೆಂದರಂತೆ. ಸಾಬರು ದೇಶ ಬಿಡಲು ಅರ್ಜಿ ಹಾಕಿದರು.

ನಾನು ಓದಿದ ಹಾಸ್ಟೆಲಿನಲ್ಲಿ ಅಂದಿನ ಕೆಲಸ ಅಂದೇ ಮುಗಿಯಬೇಕಿತ್ತು. ಆ ಅಭ್ಯಾಸ ಹೋಗಿರಲಿಲ್ಲ. ಅರ್ಜಿಯನ್ನು ಮೇಲಕ್ಕೆ ಕಳಿಸಿದ ದಿನವೇ ತಿಂಗಳ ಕೊನೆ. ಹೇಗೂ ಹೊರಡುವವರಲ್ಲವೇ ಎಂದು ರಿಜಿಸ್ಟರಿನಲ್ಲಿ ಅವರ ಹೆಸರಿಗೆ ಗೀಟೆಳೆದು 'ದೇಶ ಬಿಟ್ಟರು' ಎಂದು ಬರೆದೆ. ತಿಂಗಳ ಪಟ್ಟಿಯಲ್ಲಿ 'ವಿದೇಶಿಯರು: ಇಲ್ಲ' ಎಂದು ತುಂಬಿ ಅದನ್ನೂ ಕಳಿಸಿದೆ.

ಸಾಬರ ಸೋಮವಾರದ ರುಜು ಬೇರೆ ಪುಸ್ತಕದಲ್ಲಿ ಎಂದಿನಂತೆ ನಡೆದೇ ಇತ್ತು. ಹದಿನೈದು ದಿನಕ್ಕೆ ಉತ್ತರ ಬಂತು. ಸದರಿ ವ್ಯಕ್ತಿ ಈಗಾಗಲೇ ದೇಶ ಬಿಟ್ಟಿರುವುದರಿಂದ ಅನುಮತಿಯ ಪ್ರಶ್ನೆಯೇ ಏಳುವುದಿಲ್ಲ ಎಂದಿತ್ತು. ಅದನ್ನು ಸಾಬರೆದುರೇ ಓದಿದೆ.

"ಹಂಗಾದ್ರೆ ನಾನೀಗ ಎಲ್ಲಿದೀನಿ ಸ್ವಾಮಿ?"

"ಇಲ್ಲೇ, ನನ್ನೆದುರಿಗೆ."

"ಅದನ್ನೇ ಒಂದು ಕಾಗ್ದದಲ್ಲಿ ಬರ್ದ್ಬಿಡಿ."

ಬರೆದೆ. ಹಾಗಾದರೆ ಇವರು ಮತ್ತೆ ಬಂದದ್ದು ಯಾವಾಗ, ಯಾವ ವೀಸಾದ ಮೇಲೆ ಎಂದು ಮೇಲಿನಿಂದ ಕೇಳಿದರು. ಹೋಗಿಯೇ ಇಲ್ಲ ಎಂದರೆ ಪಟ್ಟಿ ಸುಳ್ಳಾಗುತ್ತಿತ್ತು, ಬಂದರು ಎಂದರೆ ಸಾಬರು ಕಳ್ಳದಾರಿಯಲ್ಲಿ ಬಂದಂತಾಗುತ್ತಿತ್ತು. ಎರಡು ದಿನ ತಲೆ ಕೆಡಿಸಿಕೊಂಡು, ಪಟ್ಟಿ ತಪ್ಪೆಂದು ಬರೆದೆ. ಯಾರ ತಪ್ಪೆಂದು ಬರೆಯಲಿಲ್ಲ, ಸಾಬರಿಗೂ ಹೇಳಲಿಲ್ಲ. ಆ ಕಾಗದ ಮೇಲೆ ತಲುಪುವಷ್ಟರಲ್ಲಿ ಯುದ್ಧ ಶುರುವಾಗಿ ಗಡಿ ಮುಚ್ಚಿತು. ಅಲ್ಲಿ ಮಗಳ ನಿಕಾ ತಂದೆಯಿಲ್ಲದೆ ನಡೆಯಿತು. ದೀಪಾವಳಿಯ ಹೊತ್ತಿಗೆ ಇಲ್ಲಿ ತಾಯಿ ತೀರಿಕೊಂಡರು.

ಮರುವರ್ಷ ಅನುಮತಿ ಬಂತು. ಸಾಗರದಲ್ಲಿ ರೈಲು ಹತ್ತಿಸಿ ಬರುವ ಡ್ಯೂಟಿ ನನಗೇ ಬಿತ್ತು. ಪ್ಲಾಟ್‌ಫಾರಮ್ಮಿನಲ್ಲಿ ನಿಂತಾಗ, ಆ ಗೀಟು ಎಳೆದವನು ನಾನೇ ಎಂದು ಹೇಳಿಬಿಟ್ಟೆ.

"ಗೊತ್ತು ಸ್ವಾಮಿ. ಠಾಣೇಲಿ ಬರೆಯೋರು ನೀವೊಬ್ರೇ ಅಲ್ವಾ" ಎಂದರು ಸಾಬರು. "ಮಗ್ಳು ಇನ್ನೂ ಕಾಗ್ದ ಬರ್ದಿಲ್ಲ. ಅಪ್ಪ ಬೇಕಂತ್ಲೇ ಬರ್ಲಿಲ್ಲ ಅಂದ್ಕೊಂಡಿದಾಳೆ. ಆದ್ರೆ ಅವತ್ತು ಹೋಗಿದ್ರೆ ಅಮ್ಮನಿಗೆ ಮಣ್ಣು ಹಾಕೋಕೆ ನಾನಿರ್ತಿರ್ಲಿಲ್ಲ. ನಿಮ್ಗೆ ಏನನ್ಬೇಕು ಅಂತ ಆವಾಗಿಂದ ಯೋಚ್ನೆ ಮಾಡ್ತಿದೀನಿ, ಹೊಳೀತಿಲ್ಲ. ಹೊಳೆದ್ರೆ ಬರೀತೀನಿ."

ಆಮೇಲೆ ನನಗೆ ಮೂರು ಸಲ ವರ್ಗವಾಯಿತು. ಕರಾಚಿಯಿಂದ ಕಾಗದ ಬಂದರೆ ಕಳಿಸಿಕೊಡಿ ಎಂದು ಪ್ರತಿ ಸಲವೂ ಹೇಳಿಯೇ ಹೊರಟೆ. ಬರಲಿಲ್ಲ. ಅವರಿಗೆ ಹೊಳೆಯಲೇ ಇಲ್ಲವೋ, ಹೊಳೆದದ್ದನ್ನು ನನಗೆ ಬರೆಯಬಾರದೆನ್ನಿಸಿತೋ, ಇಂದಿಗೂ ಗೊತ್ತಾಗಿಲ್ಲ.