ಮಾವನವರ ಹೆಸರಿನ ಒಡಪು

ನನ್ನ ಮನೆಯವರು ಹನ್ನೊಂದು ವರ್ಷ ಟಿವಿಗೆ ನಗೆ ಧಾರಾವಾಹಿ ಬರೆದರು, ನಿರ್ಮಾಪಕರೂ ಅವರೇ. ನಮ್ಮ ಮನೆ ಬೈಲಹೊಂಗಲದಲ್ಲಿ, ಶೂಟಿಂಗ್ ಕಿತ್ತೂರಿನ ಬಾಡಿಗೆ ಮನೆಯೊಂದರಲ್ಲಿ. ಕೊನೆಯ ವರ್ಷ ನೋಡುವವರು ಕಡಿಮೆಯಾದರು. ಇನ್ನು ನಾಲ್ಕೇ ಕಂತು, ಆಮೇಲೆ ನಿಲ್ಲಿಸುತ್ತೇವೆ ಎಂದು ಚಾನೆಲ್‌ನವರು ತಿಳಿಸಿದರು. ಆ ವಾರವೆಲ್ಲ ಇವರು ರೊಟ್ಟಿಯನ್ನು ಚೂರು ಚೂರು ಮಾಡಿ, ಒಂದನ್ನೂ ಬಾಯಿಗಿಡದೆ ಏಳುತ್ತಿದ್ದರು.

ನಗು ಹುಟ್ಟದೆ ಒದ್ದಾಡುವಾಗ ಇವರಿಗೆ ಅತ್ತೆಯವರ ಒಡಪು ನೆನಪಾಯಿತು. ನಮ್ಮ ಕಡೆ ಹೆಂಗಸರು ಗಂಡನ ಹೆಸರನ್ನು ಬರಿದೇ ಹೇಳುವುದಿಲ್ಲ. ಪ್ರಾಸ ಕಟ್ಟಿ, ಅದರೊಳಗಿಟ್ಟು ಹೇಳುತ್ತಾರೆ; ಅದೇ ಒಡಪು. ಕಾನ್ವೆಂಟಿನಲ್ಲಿ ಕಲಿತ ನಾನು ಮದುವೆಯ ದಿನ ಹೊಸ್ತಿಲಲ್ಲಿ ಇವರ ಹೆಸರನ್ನು ಹಾಜರಿ ಕೂಗಿದಂತೆ ನೇರ ಹೇಳಿಬಿಟ್ಟಿದ್ದೆ. ಎಲ್ಲರೂ ನಕ್ಕಾಗ ಕೈ ಹಿಡಿದು ಒಳಗೆ ಕರೆದುಕೊಂಡವರು ಅತ್ತೆಯವರೇ. ಅವರು ಹೂಲಿಯಿಂದ ಸೊಸೆಯಾಗಿ ಬಂದಾಗ ಹೇಳಿದ ಒಡಪನ್ನು ಇವರು ಕುಡುಕನೊಬ್ಬನ ಹೆಂಡತಿಯ ಬಾಯಿಗೆ ಹಾಕಿದರು. ಬೇರೆ ಹೆಸರಿಟ್ಟರೆ ಪ್ರಾಸ ಕೂಡಲಿಲ್ಲ. ಹಾಗಾಗಿ ತೀರಿಹೋದ ಮಾವನವರ ಹೆಸರೇ ಕುಡುಕನ ಹೆಸರಾಯಿತು.

ಆ ಕಂತು ಬಂದಾಗ ಅತ್ತೆ ಟಿವಿ ಮುಂದೆ ಬೆಳ್ಳುಳ್ಳಿ ಸುಲಿಯುತ್ತಿದ್ದರು. ಒಡಪು ಮುಗಿಯುತ್ತಲೇ ಟಿವಿಯೊಳಗಿಂದ, ಧಾರಾವಾಹಿಗೆ ಸೇರಿಸಿದ್ದ ನಗುವಿನ ಸದ್ದು. ಅತ್ತೆ ತಲೆಯ ಮೇಲೆ ಸೆರಗೆಳೆದುಕೊಂಡು, ಎಸಳನ್ನೂ ಸಿಪ್ಪೆಯನ್ನೂ ಒಂದೇ ಬುಟ್ಟಿಗೆ ಹಾಕತೊಡಗಿದರು.

ಜನ ಆ ಒಡಪನ್ನೇ ಹಿಡಿದುಕೊಂಡರು. ಸವದತ್ತಿ ಬಸ್ ನಿಲ್ದಾಣದಲ್ಲಿ ಕಾಲೇಜಿನ ಹುಡುಗಿಯರು ಅದನ್ನೇ ಹೇಳಿಕೊಂಡು ನಗುವುದನ್ನು ನಾನೇ ಕೇಳಿದೆ. ಚಾನೆಲ್‌ನವರ ಫೋನ್ ಬಂತು. ಪ್ರತಿ ಕಂತಿನಲ್ಲೂ ಅದೇ ಒಡಪು ಇರಬೇಕು, ಇದ್ದರೆ ಧಾರಾವಾಹಿ ಮುಂದುವರಿಯುತ್ತದೆ, ಸಂಜೆಯೊಳಗೆ ತಿಳಿಸಿ ಎಂದರು.

ಇವರಿಗೆ ತಾಯಿಯ ಎದುರು ಹೋಗುವ ಧೈರ್ಯವಿರಲಿಲ್ಲ. “ನೀ ಕೇಳ್ಕೊಂಡ ಬಾ. ಅವ್ವ ಬ್ಯಾಡ ಅಂದ್ರ ಬಿಟ್ಟಬಿಡತೇನಿ,” ಎನ್ನುತ್ತ ಪೆನ್ನಿನ ಮುಚ್ಚಳ ತೆಗೆದು ಹಾಕಿ, ತೆಗೆದು ಹಾಕಿ ಮಾಡುತ್ತಿದ್ದರು.

ನಾನು ಕೇಳಿದಾಗ ಅತ್ತೆ ಹಾಸಿಗೆಯ ಸುಕ್ಕನ್ನು ಬಹಳ ಹೊತ್ತು ತೀಡಿದರು.

“ನಿಮ್ಮ ಮಾವನ ಹೆಸರ ನಾ ಮೂರ ಸಲ ಹೇಳೇನಿ ನೋಡವಾ, ಜೀವಮಾನದಾಗ. ಮೂರೂ ಸಲ ನಾಚಿ ಸತ್ತಿದ್ದೆ. ಇನ್ನ ವಾರಾ ವಾರಾ ಆ ಕುಡುಕನ ಹೆಂಡ್ತಿ ಹೇಳ್ತಾಳೇನು?” ದಿಂಬನ್ನು ತಟ್ಟಿ ಸರಿಮಾಡಿ, “ಹೇಳ್ಲಿ ಬಿಡು. ಅವನ ಕೆಲಸ ಉಳಿಯೂದಿದ್ರ ಹೇಳ್ಲಿ. ಆ ಹೊತ್ತಿಗೆ ನಾ ಹಿತ್ತಲದಾಗ ಹೋಗಿ ಕುಂದ್ರತೇನಿ,” ಎಂದರು.

ಹೊರಗೆ ಬಂದೆ. ಇವರು ಎದ್ದು ನಿಂತಿದ್ದರು.

“ಬ್ಯಾಡ ಅಂದ್ರು,” ಎಂದೆ.

ಚಾನೆಲ್‌ನವರ ಜೊತೆ ಇವರ ಮಾತು ಒಂದು ನಿಮಿಷವೂ ನಡೆಯಲಿಲ್ಲ. ಉಳಿದ ಕಂತುಗಳು ಮುಗಿದು ಧಾರಾವಾಹಿ ನಿಂತಿತು. ಆಮೇಲೆ ಇವರು ಬರೆದದ್ದನ್ನು ಯಾರೂ ತೆಗೆದುಕೊಂಡಿಲ್ಲ. ಈಗಲೂ ದಿನಾ ಬೆಳಿಗ್ಗೆ ಬರೆದು, ಒಲೆಯ ಮುಂದೆ ನಿಂತ ನನಗೆ ಓದಿ ಹೇಳಿ, ನನ್ನ ಮುಖ ನೋಡುತ್ತಾರೆ.

ತಾಯಿ ಒಪ್ಪಲಿಲ್ಲವೆಂದು ಇವರಿಗೆ ಒಳಗೇ ಸಿಟ್ಟು. ತಂದೆಯ ಹೆಸರಿಗಾಗಿ ಮಗ ತಾನಾಗಿಯೇ ಬಿಟ್ಟನೆಂದು ಅತ್ತೆಗೆ ಹೆಮ್ಮೆ. ಇಬ್ಬರೂ ಎದುರು ಬದುರು ಊಟಕ್ಕೆ ಕೂತಾಗ, ಯಾರಾದರೂ ಆ ಮಾತೆತ್ತುವ ಮೊದಲೇ ನಾನು ಇನ್ನೊಂದು ರೊಟ್ಟಿ ಬಡಿಸಿಬಿಡುತ್ತೇನೆ.