ಕೆದಕದೆ ಬಿಟ್ಟ ಬೆಂಕಿ

ಅಣ್ಣ ಸಿದ್ದನ ಬಸ್ಸಿನ ಬೆಂಕಿಯನ್ನು ನಾನು ಕೆದಕಬೇಕಾಗಿತ್ತು, ಕೆದಕಲಿಲ್ಲ. ಆಗ 1944. ನಾನು ಮಳವಳ್ಳಿಯ ಒಂದು ಬಸ್ ಗ್ಯಾರೇಜಿನಲ್ಲಿ ಕೈಯಾಳು. ಓದಿದ್ದು ಮೂರನೆಯ ಕ್ಲಾಸು. ಗಂಟಲು ಮಾತ್ರ ಊರಿಗೆಲ್ಲ ಕೇಳುವಂಥದ್ದು.

ಯುದ್ಧದಿಂದಾಗಿ ಪೆಟ್ರೋಲ್ ಸಿಗದೆ ಬಸ್ಸುಗಳು ಇದ್ದಿಲಿನ ಗ್ಯಾಸಿನಲ್ಲಿ ಓಡುತ್ತಿದ್ದವು. ಹಿಂಬದಿಗೆ ಹಂಡೆಯಂಥ ಒಲೆ ಕಟ್ಟಿ, ಇದ್ದಿಲು ತುಂಬಿ, ಅದರಿಂದ ಬರುವ ಗ್ಯಾಸನ್ನು ಎಂಜಿನ್ನಿಗೆ ಕುಡಿಸುವ ಏರ್ಪಾಡು. ನಡುನಡುವೆ ನಿಲ್ಲಿಸಿ ಕಬ್ಬಿಣದ ಸರಳಿನಿಂದ ಬೂದಿ ಕೆದಕದಿದ್ದರೆ ಬಸ್ಸು ಕೆಮ್ಮಿ ಕೆಮ್ಮಿ ಮಲಗಿಬಿಡುತ್ತಿತ್ತು.

ನಮ್ಮ ಸಾಹುಕಾರರಿಗೆ ಮದ್ದೂರಿನ ದಾರಿಗೆ ಒಬ್ಬ ಡ್ರೈವರ್ ಬೇಕಾಗಿತ್ತು. ಕೇಳಿದವರು ಇಬ್ಬರು: ಗ್ಯಾರೇಜಿನಲ್ಲಿ ನಟ್ಟು ಬಿಗಿಯುತ್ತ ವರ್ಷಗಟ್ಟಲೆ ಕಾದಿದ್ದ ನಮ್ಮಣ್ಣ, ಮತ್ತೆ ಬೆಸಗರಹಳ್ಳಿಯ ಬೋರ. ಒಣಗಿದ ಕೆರೆಯಂಗಳದಲ್ಲಿ ಇಬ್ಬರೂ ಹತ್ತು ಸುತ್ತು ಓಡಿಸಲಿ, ಗೆದ್ದವನಿಗೆ ಕೆಲಸ ಎಂದರು ಸಾಹುಕಾರರು. ಐದನೆಯ ಸುತ್ತಿಗೆ ನಿಂತಾಗ ಬೂದಿ ಕೆದಕುವುದು ಕೈಯಾಳಿನ ಕೆಲಸ, ಡ್ರೈವರ್ ಇಳಿಯಕೂಡದು.

ಜನ ಜಮಾಯಿಸಿದರು. ಎದ್ದ ಧೂಳಿನಲ್ಲಿ ಯಾರ ಬಸ್ಸು ಯಾವುದೆಂದೇ ಅವರಿಗೆ ಕಾಣದು. ಸಾಹುಕಾರರು ನನ್ನ ಕೈಗೊಂದು ತಗಡಿನ ತುತ್ತೂರಿ ಕೊಟ್ಟು, "ಆ ಎತ್ತಿನ ಗಾಡಿ ಮೇಲೆ ನಿಂತ್ಕಂಡು ಯಾರ್ ಮುಂದವ್ರೆ ಅಂತ ಕೂಗ್ಲಾ. ನಿಮ್ಮಣ್ಣ ನಿಲ್ಸೋ ಒತ್ಗೆ ಇಳ್ಕೊ" ಎಂದರು.

ಇಳಿಯುವವನು ಯಾರು? ನಾನು ಬಾಯಿ ತೆರೆದರೆ ಸಾಕು, ಜನ ನಗುತ್ತಿದ್ದರು, ಚಪ್ಪಾಳೆ ತಟ್ಟುತ್ತಿದ್ದರು.

"ಸಿದ್ದ ಮುಂದವ್ನೆ! ಬೋರನ ಬಸ್ಸು ಬಸುರಿ ಎಮ್ಮೆ ತರ ಬತ್ತಾ ಅದೆ!"

ಅಣ್ಣ ಬಂದು ನಿಲ್ಲಿಸಿದ. ನಾನು ಇನ್ನೂ ಜೋರು ಮಾಡಿದೆ.

"ಸಿದ್ದ ನಿಂತವ್ನೆ! ಕೆದಕೋಕೆ ಯಾರೂ ಇಲ್ವಲ್ರಪ್ಪೋ! ಬೋರ ಮುಂದ್ಕೋಯ್ತಾವ್ನೆ! ಎಲ್ಲಿ ಸತ್ನೋ ಸಿದ್ದನ ಕೈಯಾಳು, ಸೋಂಬೇರಿ!"

ಸಾಹುಕಾರರು ಕೆಳಗಿನಿಂದ ನನ್ನ ಪಂಚೆ ಜಗ್ಗಿದರು. "ಲೇ ಕೆಂಪ, ಅದು ನೀನೇ ಕಣ್ಲಾ!"

ನಾನು ಸರಳು ಹುಡುಕಿಕೊಂಡು ಓಡುವಷ್ಟರಲ್ಲಿ ಬೋರ ಎರಡು ಸುತ್ತು ಮುಂದಿದ್ದ. ಡ್ರೈವರ್ ಕೆಲಸ ಅವನದಾಯಿತು. ತಮಾಷೆಯೆಂದರೆ ನನಗೂ ಒಂದು ಕೆಲಸ ಸಿಕ್ಕಿತು: ಸುತ್ತಮುತ್ತ ಎಲ್ಲಿ ಓಟವಾದರೂ ಕೂಗಲು ನನ್ನನ್ನೇ ಕರೆಯತೊಡಗಿದರು. ಅಣ್ಣ ನಟ್ಟು ಬಿಗಿಯುತ್ತಲೇ ಉಳಿದ. ಬೈದಿದ್ದರೆ ನನಗೆ ಹಗುರಾಗುತ್ತಿತ್ತು. ಅವನು ಊಟಕ್ಕೆ ಕೂತಾಗ, "ಸೋಂಬೇರಿಗೆ ಇನ್ನೊಂದ್ ಮುದ್ದೆ ಆಕವ್ವ" ಎನ್ನುತ್ತಿದ್ದ, ಅಷ್ಟೆ.

1947ರಲ್ಲಿ ಮಂಡ್ಯದಲ್ಲೊಂದು ಮೋಟಾರ್ ಸೈಕಲ್ ಓಟ. ಮೊದಲ ಬಾರಿಗೆ ನನ್ನೆದುರು ನಿಜವಾದ ಮೈಕು. ಪಕ್ಕದ ಊರು ಗುತ್ತಲಿನವರೆಗೂ ಕೇಳುತ್ತದೆ ಎಂದರು. ಅದರ ಬ್ಯಾಟರಿ ನೋಡಿಕೊಳ್ಳಲು ಬಂದವನು ನಮ್ಮಣ್ಣನೇ. ಓಟಕ್ಕೆ ಮುಂಚೆ ಅವನ ಕಿವಿಯ ಹತ್ತಿರ ಬಗ್ಗಿ, "ಅವತ್ತಿಂದು ತಪ್ಪಾಯ್ತಣ್ಣ" ಎಂದೆ.

ಅಣ್ಣ ವೈರು ಹಿಡಿದುಕೊಂಡೇ ನನ್ನನ್ನು ನೋಡಿದ. "ನಾನ್ ಸೋತಿದ್ನ ಊರಿಗೆಲ್ಲ ಕೂಗ್ದೆ. ಇದ್ನ ಮಾತ್ರ ಕಿವೀಲಿ ಏಳೀಯಾ? ಆ ಮೈಕಲ್ಲೇ ಏಳ್ಲಾ."

ವೈರು ಸಿಕ್ಕಿಸಿದ. ಕೂಗುವವನಿಗೆ ಮೈದಾನದಲ್ಲಿರುವ ಎಲ್ಲರೂ ಕಾಣುತ್ತಾರೆ, ತಾನೊಬ್ಬನನ್ನು ಬಿಟ್ಟು. ಈ ಕೆಲಸ ನನಗೆ ಕಲಿಸಿದ್ದು ಇಷ್ಟೇ. ಮೈಕಿಗೆ ಬಾಯಿಟ್ಟೆ.

"ಮಾಜನಗಳೇ, ಅವತ್ತು ಮಳವಳ್ಳಿ ಕೆರೆಯಂಗಳದಲ್ಲಿ ಸೋತೋನು ನಮ್ಮಣ್ಣ ಅಲ್ಲ. ಸರಳು ಇಡೀಬೇಕಾದ ಕೈಲಿ ತುತ್ತೂರಿ ಇಡ್ಕಂಡಿದ್ದ ಸೋಂಬೇರಿ ನಾನು. ತಪ್ಪಾಯ್ತು ಕಣಣ್ಣ."