ಮಾತು ಕತ್ತರಿಸಿಕೊಳ್ಳಬೇಕಿದ್ದ ಅತಿಥಿ

ಕಳೆದ ವರ್ಷ ನಾನು ಹೊಸೂರಿನ ಒಂದು ಕೇಬಲ್ ಚಾನೆಲ್‌ನ ಅಣಕು ಸುದ್ದಿ ಕಾರ್ಯಕ್ರಮಕ್ಕೆ ಸ್ಕ್ರಿಪ್ಟ್ ಬರೆಯುತ್ತಿದ್ದೆ. ಚರ್ಚಾಸ್ಪರ್ಧೆಗಳಲ್ಲಿ ಎದುರಾಳಿಯ ಮಾತು ಮುಗಿಯುವವರೆಗೂ ಕಾದು ಬೆಳೆದವನು ನಾನು. ಅತಿಥಿಯನ್ನು ಕರೆದು ಬಾಯಿ ಮುಚ್ಚಿಸುವ ಟಿ.ವಿ. ಚರ್ಚೆ ಕಂಡರೆ ಮೈ ಉರಿಯುತ್ತಿತ್ತು. ಅದನ್ನೇ ಅಣಕಿಸಿ ಒಂದು ಸಂಚಿಕೆ ಬರೆದೆ: ಅತಿಥಿ ಬಾಯಿ ತೆರೆದಾಗಲೆಲ್ಲ ಆ್ಯಂಕರ್ ‘ಬ್ರೇಕಿಂಗ್’ ಎಂದು ಕೂಗಬೇಕು.

ಅತಿಥಿಯ ಪಾತ್ರಕ್ಕೆ ನಟಿಯನ್ನು ಹುಡುಕಿ ಎಂದಿದ್ದೆ. ನಿರ್ಮಾಪಕ ಶ್ರೀನಿವಾಸಣ್ಣ ನಟಿಯ ಬದಲು ಗುಮ್ಮಳಾಪುರದ ಕಡೆಯ ಹಳ್ಳಿಯ ಮುನಿಯಮ್ಮನಿಗೆ ಫೋನ್ ಮಾಡಿ, “ಟಿ.ವಿ.ಲಿ ಮಾತಾಡ್ಬೇಕು, ಬನ್ನಿ” ಎಂದಷ್ಟೇ ಹೇಳಿದ್ದರು. ಆಕೆ ನಿಜವಾದ ಚರ್ಚೆಯೆಂದೇ ನಂಬಿ ಬಂದರು. ಅವರ ಹಳ್ಳಿಗೆ ಸಂಜೆ ಬರುತ್ತಿದ್ದ ಖಾಸಗಿ ಮಿನಿ ಬಸ್ ನಿಂತುಹೋಗಿತ್ತು. ಮನೆಗೆ ಮರಳಲು ಬೇರೆ ದಾರಿಯಿಲ್ಲದೆ ಮಗಳು ಕಾಲೇಜು ಬಿಡುವ ಹಂತದಲ್ಲಿದ್ದಳು.

ರೆಕಾರ್ಡಿಂಗ್‌ನಲ್ಲಿ ಮೂರನೆಯ ‘ಬ್ರೇಕಿಂಗ್’ ಬಿದ್ದದ್ದೇ ಮುನಿಯಮ್ಮ ಎದ್ದು ನಿಂತರು. “ಎಲ್ಲಾ ನೀನೇ ಮಾತಾಡಂಗಿದ್ರೆ ನನ್ನ ಯಾಕ್ಲಾ ಕರೆಸ್ದೆ? ಅಲ್ಲಿ ನನ್ ಮಗ್ಳು ಓದು ಬುಡ್ತಾವ್ಳೆ, ನಿಂಗಿಲ್ಲಿ ಕುಣಿತ!” ಆ್ಯಂಕರ್ ಬೆಪ್ಪಾದ. ಆಕೆ ನಿಂತೇ ಬಸ್ಸಿನ ಕತೆ ಪೂರ್ತಿ ಹೇಳಿ ಕುಳಿತರು.

ಎಡಿಟಿಂಗ್‌ನಲ್ಲಿ ಶ್ರೀನಿವಾಸಣ್ಣ, “ಬೈಗುಳಕ್ಕೇ ಕಟ್ ಮಾಡ್ಬುಡು. ನಗು ಅಲ್ಲಿಗೆ ಮುಗೀತು” ಎಂದರು.

“ಹಂಗಾದ್ರೆ ನಮ್ಗೂ ಆ ಚಾನೆಲ್‌ಗಳ್ಗೂ ಏನಣ್ಣಾ ವ್ಯತ್ಯಾಸ?”

“ಅವ್ರನ್ನ ಜನ ನೋಡ್ತಾರೆ ಕಣ್ಲಾ!”

ನಾನು ಬಿಡಲಿಲ್ಲ. ವಾದ ಸಾಕಾಗಿ ಅವರೇ, “ಹಾಳಾಗ್ ಹೋಗ್ಲಿ, ಹಾಕು” ಎಂದರು. ಆಕೆಯ ಮಾತು ಪೂರ್ತಿ ಪ್ರಸಾರವಾಯಿತು. ಹಿನ್ನೆಲೆ ಸಂಗೀತವಿಲ್ಲ, ಕೆಳಗೆ ಓಡುವ ಪಟ್ಟಿಯಿಲ್ಲ. ಸೆಟ್ ಟಾಪ್ ಬಾಕ್ಸ್ ಕೆಟ್ಟಿದೆಯೇ ಎಂದು ಕೆಲವರು ಫೋನ್ ಮಾಡಿದರು. ಮರುದಿನ ಬಸ್ಸಿನ ಮಾಲೀಕರೇ ನನಗೆ ಫೋನ್ ಮಾಡಿದರು. ನಮಗೆ ಜಾಹೀರಾತು ಕೊಡುತ್ತಿದ್ದವರು.

“ತಂಬಿ, ಅದು ಕಾಮಿಡಿನಾ, ಕಂಪ್ಲೇಂಟಾ? ಕಾಮಿಡಿ ಅಂದ್ರೆ ನಾನೂ ನಕ್ಬುಟ್ಟು ಸುಮ್ಕಾಯ್ತೀನಿ.”

‘ಕಾಮಿಡಿ ಅನ್ನು’ ಎಂದು ಶ್ರೀನಿವಾಸಣ್ಣ ಎದುರಿನಿಂದ ಕೈಸನ್ನೆ ಮಾಡುತ್ತಿದ್ದರು. ಅಣಕು ಬರೆಯುವವರಿಗೆ ಈ ಹಿಂಬಾಗಿಲು ಸದಾ ತೆರೆದೇ ಇರುತ್ತದೆ. ಯಾರಾದರೂ ಹಿಡಿದು ಕೇಳಿದರೆ ‘ತಮಾಷೆಗೆ’ ಎಂದು ಜಾರಿಕೊಳ್ಳಬಹುದು. ಆದರೆ ಆಕೆ ತಮಾಷೆಗೆ ಬಂದಿರಲಿಲ್ಲವಲ್ಲ?

“ಕಂಪ್ಲೇಂಟು ಸಾರ್” ಎಂದೆ.

ಜಾಹೀರಾತು ಹೋಯಿತು. ನೋಡಿದವರ ಬಾಯಿಗೆ ಹೆದರಿಯೋ ಏನೋ, ಬಸ್ಸೂ ಬಂತು, ವಾರದಲ್ಲಿ ಮೂರೇ ದಿನ. ಮಗಳು ಕಾಲೇಜಿಗೆ ಹೋಗುವುದೂ ಆ ಮೂರೇ ದಿನ. ಇದನ್ನು ಗೆಲುವೆಂದು ಕರೆಯಲು ನಾನು ಸಿದ್ಧನಿಲ್ಲ. ಯಾವ ಮಾತಿನ ಮುಂದೆ ನಗು ನಿಲ್ಲಬೇಕೆಂದು ಗೊತ್ತಿಲ್ಲದವನು ಅಣಕು ಬರೆಯಬಾರದು. ಈ ಕೆಲಸ ನನಗೆ ಕಲಿಸಿದ್ದು ಇಷ್ಟೇ.

ಮೊನ್ನೆ ಮುನಿಯಮ್ಮ ಫೋನ್ ಮಾಡಿದ್ದರು. “ಮಿಕ್ಕಿದ್ ದಿನುಕ್ಕೂ ಒಂದ್ಕಿತ ಬಂದು ಬೈಲೇನಪ್ಪಾ?”

ಬನ್ನಿ ಎಂದಿದ್ದೇನೆ. ಈ ಸಲ ಸ್ಕ್ರಿಪ್ಟ್ ಬರೆಯುವುದಿಲ್ಲ.